ಪ್ರಳಯಕ್ಕೆ ಕೋಟಿ ಬೇಕಿಲ್ಲ, ನಿಂಬೆಹಣ್ಣೂ ಬೇಕಿಲ್ಲ

ಸಿನಿಮಾದಲ್ಲಿ ಕೊಳ್ಳೇಗಾಲದ ಹೆಸರು ಬಂತೆಂದರೆ ಹಿಂದೆಯೇ ನಿಂಬೆಹಣ್ಣು, ಕುಂಕುಮ, ಮಂತ್ರವಾದಿ. ಈ ಹಣೆಪಟ್ಟಿ ನಮಗೆ ಸಾಕಾಗಿದೆ.

ಲೋಕ ಮುಳುಗುವ ಸಿನಿಮಾ ಮಾಡಲು ಕೋಟಿಗಟ್ಟಲೆ ದುಡ್ಡು ಬೇಕು ಅನ್ನುತ್ತಾರೆ. ಚಿಕ್ಕಲ್ಲೂರು ಜಾತ್ರೆಯಲ್ಲಿ ನೀಲಗಾರರು ಹಾಡುವ ಮಂಟೇಸ್ವಾಮಿ ಕತೆ ಕೇಳಿ. ಕುಷ್ಠರೋಗಿ ವೇಷದಲ್ಲಿ, ಗಬ್ಬುನಾತ ಹೊತ್ತು ಸ್ವಾಮಿ ಕಲ್ಯಾಣದ ಬಾಗಿಲಿಗೆ ಬಂದರೆ ಮಡಿವಂತರೆಲ್ಲ ಮೂಗು ಮುಚ್ಚಿ ಓಡುತ್ತಾರೆ. ನಗುತ್ತ ಕೇಳುತ್ತಿದ್ದಂತೆ ಒಂದು ದೊಡ್ಡ ಲೋಕವೇ ಕುಸಿದಿರುತ್ತದೆ. ಖರ್ಚು? ತಂಬೂರಿ, ಗಗ್ಗರ, ಡಕ್ಕೆ.

2015ರ ‘ತಿಥಿ’ಯಲ್ಲಿ ನಟಿಸಿದವರು ಮಂಡ್ಯ ಕಡೆಯ ಹಳ್ಳಿಯವರೇ. ಅದು ಸ್ವಿಟ್ಜರ್ಲೆಂಡಿನ ಲೊಕಾರ್ನೊ ಚಿತ್ರೋತ್ಸವದಲ್ಲಿ ಪ್ರಶಸ್ತಿ ಗೆದ್ದಿತು. ಅವರಿಗೆ ಆಗಿದ್ದು ಹನೂರು, ಯಳಂದೂರಿನವರಿಗೆ ಆಗದೇ?

ನಾಳೆ ಪ್ರಳಯ ಅಂದುಕೊಳ್ಳಿ. ಇವತ್ತು ನಮ್ಮೂರಲ್ಲಿ ಒಬ್ಬರು ಆನೆ ಓಡಿಸಲು ಪಟಾಕಿ ತರುತ್ತಾರೆ, ಇನ್ನೊಬ್ಬರು ಬೋರ್‌ವೆಲ್‌ಗೆ ಪಾಯಿಂಟ್ ನೋಡಿಸುತ್ತಾರೆ, ಸಂಘದ ಅಕ್ಕ ವಾರದ ಕಂತಿಗೆ ಬಾಗಿಲು ತಟ್ಟುತ್ತಾರೆ. ಇದಕ್ಕಿಂತ ಒಳ್ಳೆಯ ಕಾಮಿಡಿ ಯಾರು ಬರೆದಾರು?

ನಮ್ಮ ಕತೆ ನಾವು ಹೇಳದಿದ್ದರೆ ಬೇರೆಯವರು ಮಾಟದ ಕತೆಯನ್ನೇ ಹೇಳುತ್ತಾರೆ. ಫೋನು ಕೈಯಲ್ಲೇ ಇದೆ, ಶುರು ಮಾಡಿ. ನಿಂಬೆಹಣ್ಣು ಚಿತ್ರಾನ್ನಕ್ಕೆ ಇರಲಿ.