ಅಡ್ವಾನ್ಸ್‌ಗೆ ಮುಂಚೆ ಮೂಲ ಮಂಜೂರಾತಿ

ಪಹಣಿಯಲ್ಲಿ ಮಾರುವವನ ಹೆಸರಿದೆ, ಋಣಭಾರ ಪತ್ರದಲ್ಲಿ ಸಾಲದ ಸುಳಿವಿಲ್ಲ, ಅಗ್ರಿಮೆಂಟಿಗೆ ಸಾಕ್ಷಿಗಳೂ ಸಿದ್ಧ. ಇನ್ನೇನು ಬೇಕು ಎನ್ನುತ್ತಾನೆ ದಲ್ಲಾಳಿ. ಹುಣಸೂರು, ಪಿರಿಯಾಪಟ್ಟಣ, ಕೆ.ಆರ್. ನಗರ, ಎಚ್.ಡಿ. ಕೋಟೆ ಸೀಮೆಯಲ್ಲಿ ಇನ್ನೊಂದು ಕಾಗದ ಬೇಕು: ಆ ಜಮೀನು ಮೊದಲು ಯಾರಿಗೆ, ಯಾವ ಷರತ್ತಿನ ಮೇಲೆ ಮಂಜೂರಾಯಿತು ಎಂದು ಹೇಳುವ ಸಾಗುವಳಿ ಚೀಟಿ.

ಪರಿಶಿಷ್ಟ ಜಾತಿ, ಪಂಗಡದವರಿಗೆ ಸರ್ಕಾರ ಮಂಜೂರು ಮಾಡಿದ ಜಮೀನನ್ನು ಸರ್ಕಾರದ ಪೂರ್ವಾನುಮತಿಯಿಲ್ಲದೆ ಪರಭಾರೆ ಮಾಡಿದರೆ ಅದು ಅಸಿಂಧು. ಪಿಟಿಸಿಎಲ್ ಎಂದೇ ಎಲ್ಲರ ಬಾಯಲ್ಲಿರುವ 1978ರ ಕಾಯ್ದೆ ಹೇಳುವುದು ಇದನ್ನೇ. ಹಲವರು ಗಮನಿಸದ ಸಂಗತಿಯೆಂದರೆ, ಪರಭಾರೆ ಎಂದರೆ ಅಲ್ಲಿ ಕ್ರಯಪತ್ರವಷ್ಟೇ ಅಲ್ಲ. ಅಡಮಾನ, ಗುತ್ತಿಗೆ, ಕಡೆಗೆ ಕ್ರಯದ ಕರಾರು ಕೂಡ. ‘ಈಗ ಅಗ್ರಿಮೆಂಟ್ ಮಾಡಿಕೊಳ್ಳೋಣ, ಪರ್ಮಿಷನ್ ಆಮೇಲೆ’ ಎಂದು ಅಡ್ವಾನ್ಸ್ ಎಣಿಸಿದಾಗಲೇ ಕೊಳ್ಳುವವನು ಕಾನೂನಿನ ಆಚೆ ಕಾಲಿಟ್ಟಿರುತ್ತಾನೆ. ಮಂಜೂರಿದಾರ ಅಥವಾ ಅವನ ವಾರಸುದಾರರು ಹುಣಸೂರಿನ ಉಪವಿಭಾಗಾಧಿಕಾರಿಗೆ (ಎ.ಸಿ.) ಅರ್ಜಿ ಕೊಟ್ಟರೆ ಜಮೀನು ಅವರಿಗೆ ಮರಳಬೇಕು. ಕೊಂಡವನ ಹಣಕ್ಕೆ ಈ ಕಾಯ್ದೆಯಲ್ಲಿ ಪರಿಹಾರವಿಲ್ಲ.

ಹಳೆಯ ವ್ಯವಹಾರ, ಯಾರು ಕೆದಕುತ್ತಾರೆ ಎಂಬ ಧೈರ್ಯವನ್ನೂ ಈಗ ಪೂರ್ತಿ ನಂಬುವಂತಿಲ್ಲ. ಅರ್ಜಿಯನ್ನು ಸಮಂಜಸ ಅವಧಿಯೊಳಗೆ ಸಲ್ಲಿಸಬೇಕು ಎಂದು ಸುಪ್ರೀಂ ಕೋರ್ಟ್ 2017ರಲ್ಲಿ ಹೇಳಿತ್ತು. ಕಾಲಮಿತಿ ಅನ್ವಯಿಸದು ಎಂದು 2023ರಲ್ಲಿ ವಿಧಾನಮಂಡಲ ತಿದ್ದುಪಡಿ ತಂದಿತು.

ಇದರಲ್ಲಿ ಕಾಯ್ದೆಯನ್ನು ದೂರುವುದು ತಪ್ಪು. ಮದುವೆಗೋ ಆಸ್ಪತ್ರೆಗೋ ಹಣ ಹೊಂದಿಸಲಾಗದೆ ಎರಡೆಕರೆಯನ್ನು ಸಿಕ್ಕ ಬೆಲೆಗೆ ಬಿಟ್ಟುಕೊಟ್ಟವರನ್ನು ಕಾಯಲೆಂದೇ ಅದು ಬಂದದ್ದು. 1984ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿದಿದೆ. ತಪ್ಪಿರುವುದು ಮುಚ್ಚಿಡುವುದರಲ್ಲಿ. ಹಕ್ಕಿನಲ್ಲಿರುವ ದೋಷವನ್ನು ಕೊಳ್ಳುವವನಿಗೆ ತಿಳಿಸುವುದು ಮಾರುವವನ ಹೊಣೆ ಎಂದು 1882ರ ಸ್ವತ್ತು ಹಸ್ತಾಂತರ ಕಾಯ್ದೆಯ 55ನೇ ಕಲಂ ಹೇಳುತ್ತದೆ. ಆದರೆ ಮೂರನೆಯ ಕೈಯಿಂದ ಕೊಂಡವನಿಗೆ ಮೊದಲನೆಯ ಕೈಯ ಕಥೆ ಹೇಳುವವರಾರು? ದಲ್ಲಾಳಿ ಕಮಿಷನ್ ಎಣಿಸಿಕೊಂಡು ಹೋಗಿರುತ್ತಾನೆ. ಬಡ ಮಂಜೂರಿದಾರನೂ ಸಾಲ ಮಾಡಿ ಕೊಂಡ ರೈತನೂ ಎ.ಸಿ. ಕೋರ್ಟಿನ ಬೆಂಚಿನ ಮೇಲೆ ಅಕ್ಕಪಕ್ಕ ಕೂತಿರುತ್ತಾರೆ.

2020ರಲ್ಲಿ ಭೂಸುಧಾರಣಾ ಕಾಯ್ದೆಯ 79ಎ, 79ಬಿ ಕಲಂಗಳು ರದ್ದಾದ ಮೇಲೆ ಬೇಸಾಯಗಾರರಲ್ಲದವರಿಗೂ ಕೃಷಿಭೂಮಿ ಕೊಳ್ಳಲು ಬಾಗಿಲು ತೆರೆದಿದೆ. ಕಬಿನಿ ಹಿನ್ನೀರು ನೋಡಿ ಮನಸೋತು ಬರುವ ನಗರದವರಿಗೆ ದರಖಾಸ್ತಿನಲ್ಲಿ ಮಂಜೂರಾದ ಜಮೀನು ಯಾವುದು, ಪಿತ್ರಾರ್ಜಿತ ಯಾವುದು ಎಂಬುದು ಕಣ್ಣಿಗೆ ಕಾಣದು. ಋಣಭಾರ ಪತ್ರವೂ ಹೇಳದು. ಅದರಲ್ಲಿ ಬರುವುದು ನೋಂದಣಿಯಾದ ವ್ಯವಹಾರ ಮಾತ್ರ.

ತನಗೆ ಒದಗಿಸಿದ ಮಂಜೂರಿ ಜಮೀನುಗಳ ಪಟ್ಟಿಯಲ್ಲಿರುವ ಜಮೀನಿನ ಪತ್ರವನ್ನು ಅನುಮತಿಯಿಲ್ಲದೆ ನೋಂದಾಯಿಸಕೂಡದು ಎಂದು ಪಿಟಿಸಿಎಲ್ ಕಾಯ್ದೆಯ 6ನೇ ಕಲಂ ಉಪನೋಂದಣಾಧಿಕಾರಿಗೆ ಹೇಳಿದೆ. ಅಂದರೆ ಎಲ್ಲವೂ ನಿಂತಿರುವುದು ಆ ಪಟ್ಟಿಯ ಮೇಲೆ. ಸರ್ವೆ ನಂಬರುವಾರು ಅದನ್ನು ಪೂರ್ತಿಗೊಳಿಸಿ, ಪಹಣಿಯಲ್ಲೂ ನೋಂದಣಿ ಕಚೇರಿಗಳ ಕಾವೇರಿ ತಂತ್ರಾಂಶದಲ್ಲೂ ಕಾಣುವಂತೆ ಮಾಡುವುದು ಕಂದಾಯ ಇಲಾಖೆಯ ಕೆಲಸ. ಹುಣಸೂರು ಉಪವಿಭಾಗದಿಂದಲೇ ಅದು ಶುರುವಾಗಲಿ. ಅಲ್ಲಿಯತನಕ ಕೊಳ್ಳುವವರು ತಾಲ್ಲೂಕು ಕಚೇರಿಯಲ್ಲಿ ಮೂಲ ಮಂಜೂರಾತಿ ಕಡತದ ನಕಲು ಪಡೆದು ಓದಿಸಲಿ; ಅದು ಕೈಸೇರುವವರೆಗೆ ಒಂದು ರೂಪಾಯಿ ಅಡ್ವಾನ್ಸನ್ನೂ ಕೊಡದಿರಲಿ.