ಕಲ್ಲಿನ ಪೂರ್ವಜರು

ನದೀಮೂಲವನ್ನೂ ಋಷಿಮೂಲವನ್ನೂ ಹುಡುಕಬಾರದೆಂದು ನಮ್ಮ ಹಿರಿಯರು ಹೇಳುತ್ತಾರೆ. ಆ ಪಟ್ಟಿಗೆ ಶ್ರೀಮಂತ ಮನೆತನಗಳ ಮೂಲವನ್ನೂ ಸೇರಿಸಬಹುದೆಂದು, ಇಂಗ್ಲೆಂಡಿನ ಹಳೆಯ ಇಗರ್ಜಿಯೊಂದರ ವೃತ್ತಾಂತವನ್ನು ಓದಿದಾಗ ನನಗೆ ತೋರಿತು.

ಡರ್ಹಮ್ ಸೀಮೆಯ ಚೆಸ್ಟರ್-ಲೆ-ಸ್ಟ್ರೀಟ್ ಎಂಬ ಊರಿನ ಇಗರ್ಜಿಯಲ್ಲಿ 14 ಶಿಲಾಮೂರ್ತಿಗಳು ಸಾಲಾಗಿ, ಒಬ್ಬರ ಪಾದದ ಬಳಿ ಇನ್ನೊಬ್ಬರ ತಲೆಯಿರುವಂತೆ ಮಲಗಿವೆ. ಇವು ಲಮ್ಲಿ ಮನೆತನದ ತಲೆಮಾರುಗಳೆಂದು ಪ್ರತೀತಿ. 1080ರಲ್ಲಿ ಕೊಲೆಯಾದ ಲಿಯುಲ್ಫನೇ ಮೂಲಪುರುಷ. ಇವನ್ನು ಹೀಗೆ ಜೋಡಿಸಿದವನು ಎಲಿಜಬೆತ್ ರಾಣಿಯ ಕಾಲದ ಜಾನ್ ಲಮ್ಲಿ ಪ್ರಭು. ಆದರೆ ನಿಜವಾಗಿ ಪ್ರಾಚೀನವಾದವು ಕೆಲವೇ. ಉಳಿದವನ್ನು ಅವನೇ 16ನೆಯ ಶತಮಾನದ ಕೊನೆಯಲ್ಲಿ ಹಳೆಯವುಗಳಂತೆ ಕಡೆಯಿಸಿದ. ಎರಡನ್ನು ತನ್ನ ಹಿರಿಯರವೆಂದು ನಂಬಿ ಡರ್ಹಮ್ಮಿನ ಮಹಾ ಇಗರ್ಜಿಯ ಅಂಗಳದಿಂದ ತರಿಸಿದ. ಸ್ಥಳ ಸಾಲದೆ ಕೆಲವರ ಪಾದಗಳನ್ನೇ ಕತ್ತರಿಸಿದರಂತೆ! ಜೇಮ್ಸ್ ದೊರೆಯು ಲಮ್ಲಿಯ ಕೋಟೆಗೆ ಬಂದಾಗ ಈ ವಂಶಾವಳಿಯ ಪಾರಾಯಣವನ್ನು ಕೇಳಿ ಬೇಸತ್ತು, ಆದಾಮನ ಮನೆತನದ ಹೆಸರೂ ಲಮ್ಲಿಯೆಂಬುದು ತನಗೆ ತಿಳಿದಿರಲಿಲ್ಲವೆಂದನೆಂದು ಕಥೆಯುಂಟು.

ನಗುವುದು ಸುಲಭ. ಆದರೆ ಆ ಮನುಷ್ಯನ ಬಾಳನ್ನು ನೋಡಿದರೆ ನಗೆ ತುಟಿಯಲ್ಲೇ ನಿಲ್ಲುತ್ತದೆ. ದಂಗೆಯಲ್ಲಿ ಸೇರಿದ್ದನೆಂದು ಅವನ ತಂದೆಗೆ 1537ರಲ್ಲಿ ಮರಣದಂಡನೆಯಾಯಿತು. ಆಗ ಜಾನ್ ಇನ್ನೂ ಎಳೆಯ ಮಗು. ಕಳೆದುಹೋದ ಪದವಿಯು 1547ರಲ್ಲಿ ಪಾರ್ಲಿಮೆಂಟಿನ ಶಾಸನದಿಂದ ಮರಳಿ ಬಂದಿತು. ಶಾಸನವು ಪದವಿಯನ್ನು ಕೊಡಬಲ್ಲುದು, ಕಳಂಕವನ್ನು ತೊಳೆಯಬಲ್ಲುದೆ? ಅದಕ್ಕೆಂದೇ ಅವನು ಕಲ್ಲಿನ ಮೊರೆಹೊಕ್ಕನೆಂದು ನನ್ನ ಭಾವನೆ.

ಕಲ್ಲು ಮರೆಸಿದ್ದನ್ನು ಲಾಂಛನವು ಹೇಳುತ್ತದೆ. ಲಮ್ಲಿಗಳ ಗುರಾಣಿಯಲ್ಲಿ ಬೆಳ್ಳಿಯ ನೆಲ, ಅಡ್ಡಲಾಗಿ ಕೆಂಪು ಪಟ್ಟಿ, ಅದರ ಮೇಲೂ ಕೆಳಗೂ ಒಟ್ಟು ಮೂರು ಹಸಿರು ಗಿಳಿಗಳು. ಈ ಗಿಳಿಗಳು ಲಮ್ಲಿಗಳ ಸ್ವಂತದ್ದಲ್ಲ. ಥ್ವೆಂಗ್ ಎಂಬ ಮನೆತನದ ಹೆಣ್ಣನ್ನು ತಂದುಕೊಂಡುದರಿಂದ ಬಂದವು. ಗಂಡು ಸಂತಾನವಿಲ್ಲದ ಮನೆಯ ಮಗಳ ತವರಿನ ಗುರುತಿಗೆ ಆಕೆಯ ಮಕ್ಕಳ ಗುರಾಣಿಯಲ್ಲಿ ಪಾಲು ಕೊಡುವುದು ಇಂಗ್ಲಿಷ್ ಲಾಂಛನಶಾಸ್ತ್ರದ ನಿಯಮ. ಗುರಾಣಿ ಹೆಣ್ಣನ್ನು ನೆನೆಯುತ್ತದೆ. ಇಗರ್ಜಿಯ ಸಾಲಿನಲ್ಲಾದರೋ ಮಲಗಿರುವವರೆಲ್ಲ ಗಂಡಸರೇ.

ವಿಧಿಯ ಅಣಕವು ಇಲ್ಲಿಗೇ ಮುಗಿಯಲಿಲ್ಲ. ಜಾನನಿಗೂ ಅವನ ಮೊದಲ ಹೆಂಡತಿ ಜೇನಳಿಗೂ ಹುಟ್ಟಿದ ಮೂವರು ಮಕ್ಕಳೂ ಎಳವೆಯಲ್ಲೇ ತೀರಿಕೊಂಡರು. ಎರಡನೆಯ ಮದುವೆಯಿಂದ ಸಂತಾನವಾಗಲಿಲ್ಲ. ಹಿಂದಕ್ಕೆ 500 ವರ್ಷಗಳ ಕಲ್ಲಿನ ಸಾಲು. ಮುಂದಕ್ಕೆ ಒಂದು ಕೂಸೂ ಇಲ್ಲ. 1609ರಲ್ಲಿ ಅವನು ಕಣ್ಮುಚ್ಚಿದ.

ಆದರೂ ಅವನು ನಿಸ್ಸಂತಾನನೆಂದು ನಾನು ಒಪ್ಪಲಾರೆ. ಅವನ ದೊಡ್ಡ ಪುಸ್ತಕಭಂಡಾರವು ಅರಮನೆಯನ್ನು ಸೇರಿ, 1757ರಲ್ಲಿ ಅರಮನೆಯ ಗ್ರಂಥಗಳೊಡನೆ ಬ್ರಿಟಿಷ್ ಮ್ಯೂಸಿಯಮ್ಮಿಗೆ ಸಂದಿತು. ಜೇನಳು ಯೂರಿಪಿಡೀಸನ ಇಫಿಜೀನಿಯಾ ನಾಟಕಕ್ಕೆ ಮಾಡಿದ ಇಂಗ್ಲಿಷ್ ಅನುವಾದದ ಹಸ್ತಪ್ರತಿಯೂ ಉಳಿದಿದೆ. ಇಂಗ್ಲಿಷಿನಲ್ಲಿ ಉಳಿದುಬಂದ ಗ್ರೀಕ್ ನಾಟಕಾನುವಾದಗಳಲ್ಲಿ ಅದೇ ಮೊದಲನೆಯದು. ಲಮ್ಲಿಯು ವೈದ್ಯ ರಿಚರ್ಡ್ ಕಾಲ್ಡ್‌ವೆಲ್ಲನೊಡನೆ 1582ರಲ್ಲಿ ಲಂಡನ್ನಿನ ವೈದ್ಯರ ಕಾಲೇಜಿಗೆ ಒಂದು ಉಪನ್ಯಾಸದತ್ತಿಯನ್ನಿಟ್ಟ. ಆ ಪೀಠಕ್ಕೆ 1615ರಲ್ಲಿ ನೇಮಕವಾದವನು ವಿಲಿಯಂ ಹಾರ್ವೆ. ರಕ್ತಪರಿಚಲನೆಯನ್ನು 1628ರ ತನ್ನ ಗ್ರಂಥದಲ್ಲಿ ಜಗತ್ತಿಗೆ ತಿಳಿಸಿದವನು.

ಲಮ್ಲಿಯು ತನ್ನ ರಕ್ತದ ಹಾದಿಯನ್ನು ಕಲ್ಲಿನಲ್ಲಿ ಹುಡುಕಿದ. ಮನುಷ್ಯರೆಲ್ಲರ ರಕ್ತದ ಹಾದಿಯನ್ನು ಕಂಡವನು ಅವನ ದತ್ತಿಯ ಪೀಠದಲ್ಲಿ ಕುಳಿತ. ಇವೆರಡರಲ್ಲಿ ಯಾವುದು ಅವನ ನಿಜವಾದ ವಂಶವೆಂಬುದನ್ನು ವಾಚಕರೇ ನಿರ್ಣಯಿಸಲಿ. ನಾನಂತೂ ಆ ಪಾದವಿಲ್ಲದ ಪೂರ್ವಜರಿಗೆ ಕೈಮುಗಿಯುವ ಮೊದಲು, ಪುಸ್ತಕಗಳ ಕಡೆಗೆ ತಿರುಗುತ್ತೇನೆ.