ಪೆಟ್ರೊಗ್ರಾಡಿನ ಹಸಿವಿಗೆ ರೈತ ಹೊಣೆಯೇ?



1917ರಲ್ಲಿ ರಷ್ಯಾದ ಚಕ್ರವರ್ತಿ, ಜಾರ್ ಎರಡನೇ ನಿಕೊಲಸ್, ಪಟ್ಟ ಬಿಟ್ಟಿಳಿದ. ಮುನ್ನೂರು ವರ್ಷದ ರೊಮಾನೊವ್ ಮನೆತನ ಒಂದೇ ವಾರದಲ್ಲಿ ಮಣ್ಣುಗೂಡಿತು. ರೈತ ದವಸ ಬಚ್ಚಿಟ್ಟ, ಅದಕ್ಕೇ ಪಟ್ಟಣ ಉಪವಾಸ ಬಿತ್ತು ಅಂತ ಪೇಟೆಯವರು ಆಗಲೂ ಕೂಗಿದರು. ಸುಳ್ಳು ಕಣ್ರಪ್ಪಾ!

1914ರಿಂದ ಯುದ್ಧ. ಒಂದೂವರೆ ಕೋಟಿಯಷ್ಟು ಗಂಡಸರನ್ನು ಸೈನ್ಯಕ್ಕೆ ಎಳೆದರು, ಬಹುಪಾಲು ರೈತರ ಮಕ್ಕಳು. ಉಳುವ ಕುದುರೆಗಳನ್ನೂ ಬಿಡಲಿಲ್ಲ. ಖರ್ಚಿಗೆ ನೋಟು ಅಚ್ಚು ಹಾಕಿದರು. ಬಟ್ಟೆ, ಮೊಳೆ, ನೇಗಿಲಿನ ಬೆಲೆ ಗಗನಕ್ಕೇರಿತು. ದವಸಕ್ಕೆ ಮಾತ್ರ ಸರ್ಕಾರ ಕಟ್ಟಿದ ಬೆಲೆ. ಆ ನೋಟು ತಗೊಂಡು ರೈತ ಏನು ಕೊಳ್ಳಬೇಕಿತ್ತು, ನೀವೇ ಹೇಳಿ. ಮಾರಲಿಲ್ಲ. 1916ರ ಕೊನೆಗೆ ಲೆವಿ ಹಾಕಿದರು. ಕೊಟ್ಟ ದವಸವನ್ನಾದರೂ ಸಾಗಿಸಿದರೇ? ರೈಲೇ ಸಾಲದು!

ಮಾರ್ಚ್ 8, ಹೆಂಗಸರ ದಿನ. ರಾಜಧಾನಿ ಪೆಟ್ರೊಗ್ರಾಡಿನಲ್ಲಿ ಗಿರಣಿ ಹೆಂಗಸರು ರೊಟ್ಟಿ ಕೇಳುತ್ತ ಬೀದಿಗಿಳಿದರು. 11ರಂದು ಜನರ ಮೇಲೆ ಗುಂಡು ಹಾರಿಸಿದ ಸಿಪಾಯಿಗಳೇ ಮರುದಿನ ತಿರುಗಿಬಿದ್ದರು. ಅವರೂ ಹಳ್ಳಿ ಹೈಕಳು ತಾನೇ! 15ರಂದು ಜಾರ್ ರುಜು ಹಾಕಿದ.

ಹೊಸ ಸರ್ಕಾರ ಬಂತು. ತಿಂಗಳೊಳಗೆ ದವಸದ ವ್ಯಾಪಾರವನ್ನೆಲ್ಲ ತಾನೇ ಹಿಡಿದು, ಬೆಲೆಯನ್ನೂ ತಾನೇ ಕಟ್ಟಿತು. ಯುದ್ಧವನ್ನೂ ನಿಲ್ಲಿಸಲಿಲ್ಲ. ನವೆಂಬರಿನಲ್ಲಿ ಅದೂ ಉರುಳಿತು.